ಟ್ರಾಂಡ್‌ಹೈಮ್‌ನ ಮಾತು ಅರ್ಥವಾಗಲಿಲ್ಲ ಅಂದವರಿಗೆ

ನಿಮ್ಮ ಪ್ರಶ್ನೆ ಓದಿ ನಗು ಬಂತು, ಬೇಜಾರು ಮಾಡ್ಕೋಬೇಡಿ. ಬೆಂಗಳೂರಲ್ಲಿ ಕೂತು ಒಂದು ವರ್ಷ ನಾರ್ವೇಜಿಯನ್ ಕಲಿತಿದ್ದೀರಿ. ನಾರ್ವೆಯ ಟ್ರಾಂಡ್‌ಹೈಮ್ ಊರಿನ ಆಫೀಸಿನವರ ಜೊತೆ ಮೊದಲ ವಿಡಿಯೊ ಕಾಲ್‌ನಲ್ಲಿ ಏನೂ ತಿಳಿಯಲಿಲ್ಲ. ಈಗ 'ಅಲ್ಲಿನ ಆಡುಮಾತನ್ನೂ ಪುಸ್ತಕ ಇಟ್ಕೊಂಡು ಓದಬೇಕಾ?' ಅಂತ ಕೇಳಿದ್ದೀರಿ.

ಪುಸ್ತಕ ಬೇಡ. ಮೊದಲು ಈ ವಾಕ್ಯ ಬಾಯಿಪಾಠ ಮಾಡಿ: 'ಆ್ಯ ಎ ಇ ಆ ಆ್ಯ ಓ'. ಹುಡುಗಾಟ ಅಲ್ಲ, ನಿಮ್ಮ ಟ್ರಾಂಡ್‌ಹೈಮ್ ಕಡೆಯವರದೇ ಮಾತು. 'ನಾನೂ ಎ ಸೆಕ್ಷನ್‌ನಲ್ಲೇ ಇರೋದು' ಅಂತ ಅರ್ಥ. ಒಂದೇ ಒಂದು ವ್ಯಂಜನ ಇಲ್ಲ! ನೀವು ಕಲಿತ 'ಯೈ', ಅಂದರೆ 'ನಾನು', ಅಲ್ಲಿ 'ಆ್ಯ' ಆಗುತ್ತದೆ. ನಾನಿರುವ ಬರ್ಗೆನ್‌ನಲ್ಲಿ 'ಎಗ್'. ಮೋಲ್ಡೆ ಕಡೆ ಬರೀ 'ಇ'. ನಮ್ಮ ಹವ್ಯಕರು 'ಆನು' ಅಂದಾಗ ಮೈಸೂರಿನವರು ಕಣ್ಣರಳಿಸುವುದಿಲ್ವಾ, ಹಾಗೇ.

ನಾನು ಬಂದ ಮೊದಲ ವಾರ ಅಂಗಡಿಯಲ್ಲಿ ಏನೋ ಕೇಳಿದೆ. ಅಲ್ಲಿದ್ದ ಅಜ್ಜಿ 'ಕಾ?' ಅಂದರು. ನಾನು ಮತ್ತೆ ಕೇಳಿದೆ. ಮತ್ತೆ 'ಕಾ?'. ಕಾಗೆ ಜೊತೆ ವ್ಯಾಪಾರ ಮಾಡಿದ ಹಾಗಿತ್ತು. ಕ್ಲಾಸಲ್ಲಿ ಕಲಿಸಿದ್ದು 'ವಾ'. ಪಶ್ಚಿಮ ಮತ್ತು ಉತ್ತರದಲ್ಲಿ 'ಏನು' ಅನ್ನೋದಕ್ಕೆ 'ಕಾ' ಅಂತಾರೆ ಅಂತ ಯಾರೂ ಹೇಳಿರಲಿಲ್ಲ.

ಒಂದು ವಿಷಯದಲ್ಲಿ ನಮಗೆ ಲಾಭ ಇದೆ. ಓಸ್ಲೋ, ಟ್ರಾಂಡ್‌ಹೈಮ್ ಕಡೆ 'ರ' ಮುಂದೆ 'ನ' ಬಂದರೆ ಎರಡೂ ಸೇರಿ ನಮ್ಮ 'ಣ' ಆಗುತ್ತದೆ. ಮಗು ಅನ್ನೋ 'ಬಾರ್ನ್' ಪದವನ್ನು 'ಬಾಣ್' ಅಂತಾರೆ. ಇಂಗ್ಲಿಷಿನವರು ಒದ್ದಾಡುವ ಕಡೆ ನಾವು ಆರಾಮಾಗಿ ದಾಟುತ್ತೇವೆ. ಕೆಲವು ಕಡೆ 'ದಪ್ಪ ಲ' ಅಂತ ಒಂದಿದೆ, ನಮ್ಮ 'ಳ'ಕ್ಕೆ ಹತ್ತಿರದ ನೆಂಟ. ಬರ್ಗೆನ್‌ನಲ್ಲಿ ಮಾತ್ರ ಈ ಸುಖ ಇಲ್ಲ. ಇಲ್ಲಿನ 'ರ' ಗಂಟಲಿಂದ ಬರುತ್ತದೆ, ಬಾಯಿ ಮುಕ್ಕಳಿಸಿದ ಹಾಗೆ.

ಮನೆಯಲ್ಲಿ ಎನ್‌ಆರ್‌ಕೆ ಚಾನೆಲ್ ಹಾಕಿ, ನಾರ್ವೇಜಿಯನ್ ಸಬ್‌ಟೈಟಲ್ ಆನ್ ಮಾಡಿ. ಬಾಯಲ್ಲಿ 'ಆ್ಯ', ಕೆಳಗೆ ಬರಹದಲ್ಲಿ 'ಯೈ'. ಆ ವ್ಯತ್ಯಾಸ ಹಿಡಿಯುವುದೇ ಆಟ. ಅದರಲ್ಲಿ ಲಿಂಡಾ ಐಡೆ ನಡೆಸಿಕೊಟ್ಟ ಭಾಷೆಯ ಕಾರ್ಯಕ್ರಮ ಸಿಕ್ಕರೆ ಬಿಡಬೇಡಿ. ವ್ಯಾಕರಣದ ಮಾತನ್ನು ತಮಾಷೆ ಮಾಡುತ್ತಲೇ ದಾಟಿಸುತ್ತಾರೆ. ಆಕೆಯದ್ದೂ ಓಸ್ಲೋ ಭಾಷೆಯಲ್ಲ, ವೊಸ್ ಊರಿನ ಮಾತು.

ಇಲ್ಲಿ ಹಳ್ಳಿ ಮಾತಾಡಿದರೆ ಯಾರೂ ಕೀಳಾಗಿ ನೋಡುವುದಿಲ್ಲ. ಪಾರ್ಲಿಮೆಂಟಲ್ಲೂ ಅವರವರ ಊರಿನ ಮಾತೇ. 1840ರ ದಶಕದಲ್ಲಿ ಈವಾರ್ ಓಸೆನ್ ಅನ್ನುವವರು ಊರೂರು ಸುತ್ತಿ ಜನರ ಮಾತು ಬರೆದುಕೊಂಡರು. ಆ ತಿರುಗಾಟಕ್ಕೆ ಹಣ ಕೊಟ್ಟದ್ದು ಟ್ರಾಂಡ್‌ಹೈಮ್‌ನ ವಿಜ್ಞಾನ ಸಂಘ. ನಾರ್ವೇಜಿಯನ್ ಬರೆಯುವ ಎರಡು ರೂಪಗಳಲ್ಲಿ ಒಂದಾದ ಇವತ್ತಿನ ನ್ಯೂನೊರ್ಸ್ಕ್ ಬರಹ ಹುಟ್ಟಿದ್ದು ಅದರಿಂದಲೇ. ಹಾಗಾಗಿ ಅರ್ಥವಾಗದಿದ್ದರೆ ಸುಮ್ನೆ ತಲೆಯಾಡಿಸಬೇಡಿ. 'ಇದು ಯಾವ ಊರಿನ ಮಾತು?' ಅಂತ ಕೇಳಿ. ಅಷ್ಟು ಹೊತ್ತು ಮೌನವಾಗಿದ್ದ ಮನುಷ್ಯ ಅರ್ಧ ಗಂಟೆ ಅಜ್ಜಿ ಮನೆ ಕಥೆ ಹೇಳುತ್ತಾನೆ.

ಅಲ್ಲಿ ಯಾರಾದರೂ ಬರ್ಗೆನ್‌ನವರ 'ರ' ಅಣಕಿಸಿದರೆ ನನಗೆ ಬರೆಯಿರಿ. ನಾನೀಗ ಈ ಊರಿನ ಪಕ್ಷ.