ಗಳಿಗೆ ಬಟ್ಟಲಿಗೆ ಮಿತಿ ಎಲ್ಲಿಂದ ತರಬೇಕು: ನಿಮ್ಮ ಕಥೆಯ ಪ್ರಶ್ನೆಗೆ ಉತ್ತರ

ಮಲೆನಾಡಿನ ಹಳೆಯ ಮನೆಯ ಅಟ್ಟದಲ್ಲಿ ನಿಮ್ಮ ನಾಯಕಿಗೆ ಒಂದು ತಾಮ್ರದ ಬಟ್ಟಲು ಸಿಗುತ್ತದೆ, ಅದನ್ನು ನೀರಿನ ಮೇಲಿಟ್ಟರೆ ಮುಂದೆ ಆಗಬಹುದಾದ ಹಲವು ಕಾಲಗಳು ಕಾಣುತ್ತವೆ, ಆಕೆ ಎಲ್ಲವನ್ನೂ ನೋಡಿ ಒಳ್ಳೆಯದನ್ನು ಆರಿಸಿಕೊಳ್ಳುವುದರಿಂದ ಮೂರನೇ ಅಧ್ಯಾಯಕ್ಕೇ ಕಥೆ ನಿಂತುಹೋಗಿದೆ ಎಂದು ಬರೆದಿದ್ದೀರಿ. ‘ಮೂರು ಸಲ ಮಾತ್ರ ನೋಡಬಹುದು’ ಎಂಬ ನಿಯಮ ಹಾಕಲೇ ಎಂದೂ ಕೇಳಿದ್ದೀರಿ. ದಯವಿಟ್ಟು ಹಾಕಬೇಡಿ. ಅಂಥ ನಿಯಮವನ್ನು ಕಥೆಗಾರ ಹೊರಗಿನಿಂದ ತಂದು ಅಂಟಿಸಿದ್ದು ಎಂಬುದು ಓದುಗರಿಗೆ ಕೂಡಲೇ ತಿಳಿಯುತ್ತದೆ. ಮಿತಿ ಆ ಬಟ್ಟಲಿನ ಮೈಯಿಂದಲೇ ಹುಟ್ಟಬೇಕು.

ನಿಮ್ಮ ಬಟ್ಟಲನ್ನು ಗಳಿಗೆ ಬಟ್ಟಲು ಮಾಡಿ ಎಂಬುದು ನನ್ನ ಸಲಹೆ. ಗಡಿಯಾರ ಬರುವ ಮೊದಲು ಮುಹೂರ್ತ ನೋಡಲು ನಮ್ಮವರು ಬಳಸುತ್ತಿದ್ದುದು ಅದನ್ನೇ. ತಳದಲ್ಲಿ ಸಣ್ಣ ತೂತಿರುವ ತಾಮ್ರದ ಬಟ್ಟಲನ್ನು ನೀರು ತುಂಬಿದ ದೊಡ್ಡ ಪಾತ್ರೆಯ ಮೇಲೆ ತೇಲಿಬಿಟ್ಟರೆ, ಅದು ತುಂಬಿ ಮುಳುಗುವುದಕ್ಕೆ ಹಿಡಿಯುವ ಹೊತ್ತು ಒಂದು ಗಳಿಗೆ, ಅಂದರೆ 24 ನಿಮಿಷ. ಒಂದು ಹಗಲು ರಾತ್ರಿಗೆ ಅರವತ್ತು ಗಳಿಗೆ. ಪ್ರಾಚೀನ ಖಗೋಳ ಗ್ರಂಥವಾದ ಸೂರ್ಯಸಿದ್ಧಾಂತವೂ ಇದನ್ನು ವರ್ಣಿಸುತ್ತದೆ, ನೀರು ನಿರ್ಮಲವಾಗಿರಬೇಕು ಎಂಬ ಮಾತನ್ನು ಅಲ್ಲಿ ಮರೆಯದೆ ಸೇರಿಸಿದ್ದಾರೆ. ಬಟ್ಟಲು ತೇಲುತ್ತಿರುವಷ್ಟು ಹೊತ್ತು ಮಾತ್ರ ಮುಂದಿನದು ಕಾಣುತ್ತದೆ ಎಂದು ನೀವು ಬರೆದರೆ ಇನ್ನಾವ ನಿಯಮವೂ ಬೇಕಾಗುವುದಿಲ್ಲ.

ನಿಮ್ಮ ಪ್ರಶ್ನೆ ಓದಿದ ಮೇಲೆ ನಾನು ಒಂದು ತೆಳು ತಾಮ್ರದ ಬಟ್ಟಲಿಗೆ ಸೂಜಿಯಿಂದ ತೂತು ಮಾಡಿ, ಹಿತ್ತಲಿನ ಹಂಡೆಯಲ್ಲಿ ತೇಲಿಬಿಟ್ಟು ನೋಡಿದೆ. ಮೊದಲು ತಳದಲ್ಲಿ ನೂಲಿನಷ್ಟು ತೆಳುವಾದ ಬುಗ್ಗೆ ಏಳುತ್ತದೆ. ಒಳಗಿನ ನೀರು ಏರಿದಂತೆ ಆ ಬುಗ್ಗೆ ಅಡಗಿ, ನೀರು ಬರುತ್ತಿದೆಯೋ ಇಲ್ಲವೋ ಎನ್ನುವಷ್ಟು ಶಾಂತವಾಗುತ್ತದೆ. ಅಂಚು ಹೊರಗಿನ ನೀರಿಗೆ ಸಮವಾದ ಮೇಲೂ ಕ್ಷಣಕಾಲ ತಡೆದು ನಿಂತು, ಒಮ್ಮೆಲೇ ಗುಳುಕ್ ಎಂದು ಇಳಿದುಹೋಗುತ್ತದೆ. ನಿಮ್ಮ ನಾಯಕಿ ಅತ್ಯಂತ ಮುಖ್ಯವಾದುದನ್ನು ನೋಡಬೇಕಾದದ್ದು ಅಂಚು ತಡೆದು ನಿಂತ ಆ ಕ್ಷಣದಲ್ಲಿ. ಇನ್ನೊಂದು ಸಂಗತಿಯೂ ಇದೆ. ನೀರಿನಲ್ಲಿ ಕೆಸರಿದ್ದರೆ ತೂತು ಕಟ್ಟಿ ಬಟ್ಟಲು ನಿಧಾನವಾಗುತ್ತದೆ. ತಲೆಮಾರುಗಟ್ಟಲೆ ಹುಣಸೆಹಣ್ಣು ಹಾಕಿ ತಿಕ್ಕಿದರೆ ತೂತು ಸವೆದು ದೊಡ್ಡದಾಗಿ ಬೇಗ ಮುಳುಗುತ್ತದೆ. ಮುತ್ತಜ್ಜಿಗೆ ಪೂರ್ತಿ ಒಂದು ಗಳಿಗೆ ಕಾಣುತ್ತಿದ್ದದ್ದು ಮೊಮ್ಮಗಳಿಗೆ ಅರ್ಧ ಗಳಿಗೆಯಷ್ಟೇ ಕಾಣುತ್ತದೆ ಎಂದಾಗ, ಒಂದು ಮನೆತನದ ಕಥೆ ಆ ತೂತಿನೊಳಗೇ ಸೇರಿಕೊಳ್ಳುತ್ತದೆ.

ಇನ್ನು ‘ಹಲವು ಕಾಲಗಳು’ ಎಂಬುದು ನಿಮ್ಮ ಬರಹದ ಅತಿ ದುರ್ಬಲ ಭಾಗ. ನೀವು ತೋರಿಸಿರುವುದು ಎರಡೇ ದಾರಿ, ಒಂದು ಒಳ್ಳೆಯದು, ಒಂದು ಕೆಟ್ಟದ್ದು. ಆಗಬಹುದಾದ ಕಾಲಗಳನ್ನು ನಿಜವಾಗಿಯೂ ಲೆಕ್ಕ ಹಾಕುವವರು ಹವಾಮಾನದವರು. ಯೂರೋಪಿನ ಮಧ್ಯಮಾವಧಿ ಹವಾಮಾನ ಮುನ್ಸೂಚನಾ ಕೇಂದ್ರವು ಆರಂಭದ ಅಂಕಿಗಳನ್ನು ಸ್ವಲ್ಪ ಸ್ವಲ್ಪ ಬದಲಿಸಿ 50 ಬಾರಿ, ಬದಲಿಸದೆ ಒಂದು ಬಾರಿ, ಹೀಗೆ ಒಟ್ಟು 51 ಮುಂದಿನ ಕಾಲಗಳನ್ನು ಗಣಕದಲ್ಲಿ ಓಡಿಸುತ್ತದೆ. 1961ರಲ್ಲಿ ಹವಾಮಾನ ವಿಜ್ಞಾನಿ ಎಡ್ವರ್ಡ್ ಲೊರೆನ್ಜ್ 0.506127 ಎಂಬ ಅಂಕಿಯ ಬದಲು 0.506 ಎಂದು ಕೊಟ್ಟಾಗ ಗಣಕದೊಳಗಿನ ಹವಾಮಾನ ಸ್ವಲ್ಪ ದೂರದವರೆಗೆ ಮೊದಲಿನಂತೆಯೇ ನಡೆದು, ಆಮೇಲೆ ಪೂರ್ತಿ ಬೇರೆಯೇ ಆಗಿಹೋಗಿತ್ತು. ನಿಮ್ಮ ಬಟ್ಟಲಿನಲ್ಲಿಯೂ ನಾಳೆಯ ದಿನ ಎಲ್ಲ ಚಿತ್ರಗಳಲ್ಲಿ ಹೆಚ್ಚುಕಡಿಮೆ ಒಂದೇ ಆಗಿರಲಿ, ಹದಿನೈದು ದಿನದಾಚೆಯದು ಒಂದಕ್ಕೊಂದು ಹೋಲದಷ್ಟು ಚದುರಿಹೋಗಲಿ. ಆಗ ನಾಯಕಿಯ ಕೆಲಸ ಆರಿಸುವುದಲ್ಲ, ಎಣಿಸುವುದು. ಎಣಿಸಿದ ಮೇಲೂ ತನ್ನ ಪಾಲಿಗೆ ಬರುವುದು ಯಾವುದು ಎಂದು ಆಕೆಗೆ ತಿಳಿಯುವುದಿಲ್ಲ.

ಇದು ಎಷ್ಟು ಕಷ್ಟ ಎಂಬುದನ್ನು ನಾನು ತೋಟದಲ್ಲಿ ಕಂಡಿದ್ದೇನೆ. ಒಂದು ಜೂನ್ ತಿಂಗಳಲ್ಲಿ ಅಡಿಕೆಗೆ ಕೊಳೆರೋಗದ ಮೊದಲ ಔಷಧ ಹೊಡೆಸಬೇಕಿತ್ತು. ಮಧ್ಯಾಹ್ನದ ಮಳೆಗೆ ನೂರರಲ್ಲಿ ಮೂವತ್ತು ಸಾಧ್ಯತೆ ಎಂದು ಮೊಬೈಲಿನಲ್ಲಿತ್ತು. ಮರ ಹತ್ತಿ ಔಷಧ ಹೊಡೆಯುವ ಕೊನೆಗೌಡನಿಗೆ ಮರುದಿನ ಬೇರೆ ತೋಟದ ಕೆಲಸವಿದ್ದುದರಿಂದ, ನೂರು ಲೀಟರಿಗೆ ಒಂದು ಕಿಲೋ ಮೈಲುತುತ್ತ, ಒಂದು ಕಿಲೋ ಸುಣ್ಣದ ಲೆಕ್ಕದಲ್ಲಿ ಬೋರ್ಡೋ ದ್ರಾವಣ ಕಲಸಿ ಬೆಳಿಗ್ಗೆಯೇ ಆರಂಭಿಸಿದೆವು. ಕೊನೆಯ ಸಾಲು ಮುಗಿಯುವಷ್ಟರಲ್ಲಿ ಮಳೆ ಬಂತು. ಗೊನೆಗಳ ಮೇಲೆ ಒಣಗದೆ ಉಳಿದಿದ್ದ ನೀಲಿ, ಮರದ ಬುಡದವರೆಗೆ ಗೆರೆಗೆರೆಯಾಗಿ ಇಳಿಯುವುದನ್ನು ನೋಡುತ್ತ ನಿಂತೆ. ಮುನ್ಸೂಚನೆ ತಪ್ಪಿರಲಿಲ್ಲ, ಮೂವತ್ತು ಎಂದರೆ ಮೂವತ್ತೇ. ನನಗೆ ದೊರೆತದ್ದು ಆ ಮೂವತ್ತರಲ್ಲಿ ಒಂದು ದಿನ. ಈ ಬಗೆಯ ನೋವು ನಿಮ್ಮ ನಾಯಕಿಗೂ ಒಮ್ಮೆ ಆಗಬೇಕು: ಹೆಚ್ಚು ಚಿತ್ರಗಳಲ್ಲಿ ಕಂಡದ್ದನ್ನು ನಂಬಿ, ಸರಿಯಾಗಿಯೇ ನಡೆದುಕೊಂಡು, ಆದರೂ ಕಳೆದುಕೊಳ್ಳಬೇಕು.

ನೋಡುವವರು ಯಾರು ಎಂಬುದನ್ನೂ ಯೋಚಿಸಿ. ನಮ್ಮಲ್ಲಿ ಕಳೆದುಹೋದ ವಸ್ತು ಎಲ್ಲಿದೆ ಎಂದು ತಿಳಿಯಲು ಅಂಜನ ಹಾಕಿ ನೋಡುವಾಗ, ವೀಳ್ಯದೆಲೆಗೆ ಅಥವಾ ಹೆಬ್ಬೆರಳ ಉಗುರಿಗೆ ಕಪ್ಪು ಹಚ್ಚಿ ಚಿಕ್ಕ ಮಕ್ಕಳನ್ನು ಕೂರಿಸಿ ಏನು ಕಾಣುತ್ತದೆ ಎಂದು ಕೇಳುವ ರೂಢಿಯಿತ್ತು. ಕಳೆದ ವಸ್ತುವಿನ ಚಿಂತೆ ಹಿರಿಯರದು, ನೋಟ ಮಾತ್ರ ಮಗುವಿನದು. ಈ ಏರ್ಪಾಡು ಕಥೆಗಾರರಿಗೆ ಸಿಕ್ಕ ನಿಧಿ ಎಂದೇ ನಾನು ತಿಳಿದಿದ್ದೇನೆ. ನಾಯಕಿಯ ಬದಲು ಆಕೆಯ ಆರು ವರ್ಷದ ತಮ್ಮನಿಗೆ ಬಟ್ಟಲಿನಲ್ಲಿ ಕಾಣಲಿ. ಆಸ್ಪತ್ರೆ ಯಾವುದು, ಛತ್ರ ಯಾವುದು ಎಂದು ಅವನಿಗೆ ಗೊತ್ತಾಗುವುದಿಲ್ಲ. ತುಂಬಾ ಜನ ಸೇರಿದ್ದಾರೆ, ಅಮ್ಮ ಹೊಸ ಸೀರೆ ಉಟ್ಟಿದ್ದಾಳೆ, ಅಪ್ಪ ಕಾಣುತ್ತಿಲ್ಲ ಎಂದಷ್ಟೇ ಹೇಳುತ್ತಾನೆ.

ಮೂರನೇ ಅಧ್ಯಾಯವನ್ನು ಅಲ್ಲಿಂದ ಮತ್ತೆ ಬರೆದು ನೋಡಿ. ತೂತು ಸವೆದಿರುವ ಸಂಗತಿಯನ್ನು ಮೊದಲ ಅಧ್ಯಾಯದಲ್ಲಿ, ಅಜ್ಜಿ ಬಟ್ಟಲು ತಿಕ್ಕುವ ಹೊತ್ತಿಗೇ ಹೇಳಿಬಿಡಿ. ಅಪ್ಪ ಎಲ್ಲಿ, ಸರಿಯಾಗಿ ನೋಡು ಎಂದು ನಾಯಕಿ ತಮ್ಮನನ್ನು ಕೇಳುವಾಗ ಬಟ್ಟಲಿನ ಅಂಚು ನೀರಿಗೆ ಸಮವಾಗಿರಲಿ.