ಆ ಬಾಟಲಿಗೆ ಅರ್ಥ ಏನು ಅಂತ ಇನ್ನು ಕೇಳಬೇಡಿ

ಪ್ರಶ್ನೆ: ಮೆಕ್ಸಿಕೊದ ನಿರ್ದೇಶಕ ರುಬೆನ್ ಗಾಮೆಸ್ ಅವರ 'ಲಾ ಫೋರ್ಮುಲಾ ಸೆಕ್ರೆತಾ' ಸಿನಿಮಾ ನೋಡಿದೆ. ಕಥೆಯೇ ಇಲ್ಲ. ಕೋಕಾ-ಕೋಲಾ ಬಾಟಲಿ, ಉದ್ದಾನುದ್ದ ಸಾಸೇಜು, ಕುದುರೆ ಸವಾರ, ಇವಕ್ಕೆಲ್ಲ ಅರ್ಥ ಏನು? ಇದರಲ್ಲಿ ಮೆಕ್ಸಿಕೊತನ ಎಲ್ಲಿದೆ?

ಈ ಪ್ರಶ್ನೆ ಬರದ ತಿಂಗಳೇ ಇಲ್ಲ. ತಪ್ಪು ನಿಮ್ಮದಲ್ಲ, 'ಹತ್ತು ನಿಮಿಷದಲ್ಲಿ ಪೂರ್ತಿ ಅರ್ಥ' ಅಂತ ವಿಡಿಯೊ ಮಾಡುವವರದ್ದು. ಬಾಟಲಿ ಅಂದ್ರೆ ಅಮೆರಿಕ, ಚಿತ್ರದಲ್ಲಿ ಬರುವ ಹಕ್ಕಿ ಅಂದ್ರೆ ದೇಶ ಅಂತ ಮಗ್ಗಿ ಒಪ್ಪಿಸುತ್ತಾರೆ. ಬಾಟಲಿ ತೂಗುಹಾಕಿ ರಕ್ತದ ಬದಲು ಕೋಕಾ-ಕೋಲಾ ಏರಿಸುವುದನ್ನು ತೋರಿಸಿದ ಮೇಲೆ ಇನ್ನೇನು ಬಿಡಿಸಿ ಹೇಳಬೇಕು? 'ರಕ್ತದಲ್ಲಿ ಕೋಕಾ-ಕೋಲಾ' ಅಂತ ಚಿತ್ರಕ್ಕೆ ಇನ್ನೊಂದು ಹೆಸರೇ ಇದೆ.

ನೋಡಬೇಕಾದ್ದು ಕುದುರೆ ಸವಾರನನ್ನು. ಅಗಲ ಟೋಪಿಯ ಆ 'ಚಾರ್ರೊ' ಮೆಕ್ಸಿಕೊ ಸಿನಿಮಾದ ಹಳೇ ಹೀರೊ. 1936ರಲ್ಲಿ 'ಆಯಾ ಎನ್ ಎಲ್ ರಾಂಚೊ ಗ್ರಾಂದೆ' ಗೆದ್ದ ಮೇಲೆ ಅಂಥ ಹಾಡಿನ ಚಿತ್ರಗಳು ಸಾಲುಗಟ್ಟಿ ಬಂದವು. ಆಗ ಅಧ್ಯಕ್ಷ ಕಾರ್ದೆನಾಸ್ ದೊಡ್ಡ ಜಮೀನುಗಳನ್ನು ಒಡೆದು ರೈತರಿಗೆ ಹಂಚುತ್ತಿದ್ದರು. ತೆರೆಯ ಮೇಲೆ ಮಾತ್ರ ಧಣಿ, ಆಳು ಸುಖವಾಗಿ ಹಾಡಿಕೊಂಡಿದ್ದರು! ಮೆಕ್ಸಿಕನ್ ಅಂದ್ರೆ ಇವನೇ ಅಂತ ಲೋಕಕ್ಕೆಲ್ಲ ನಂಬಿಸಿದ್ದು ಆ ಸಿನಿಮಾಗಳೇ. ಗಾಮೆಸ್ 1965ರಲ್ಲಿ ಅದೇ ಸವಾರನನ್ನು ಪೇಟೆ ಬೀದಿಗೆ ತರುತ್ತಾರೆ. ಅವನು ಪೇಟೆಯ ಮನುಷ್ಯನ ಮೇಲೆ ಹಗ್ಗ ಬೀಸಿ ಹಿಡಿಯುತ್ತಾನೆ, ದನ ಹಿಡಿದ ಹಾಗೆ.

ಇನ್ನು ರೈತ. ಮೆಕ್ಸಿಕೊದ ಕಥೆಗಾರ ಹುವಾನ್ ರುಲ್ಫೊ ಬರೆದ ಸಾಲುಗಳನ್ನು ಕವಿ ಹೈಮೆ ಸಬೀನೆಸ್ ಓದುತ್ತಿರುತ್ತಾರೆ. ಒಬ್ಬ ರೈತ ಕ್ಯಾಮೆರಾವನ್ನೇ ದಿಟ್ಟಿಸುತ್ತಾ ನಿಂತಿರುತ್ತಾನೆ. ಕ್ಯಾಮೆರಾ ಪಕ್ಕಕ್ಕೆ ಸರಿದರೆ ಅವನೂ ಸರಿದು ಮತ್ತೆ ಎದುರಿಗೇ ಬರುತ್ತಾನೆ. ಮೊದಲ ಸಲ ನಾನಿದನ್ನು ಗಮನಿಸಲೇ ಇಲ್ಲ. ಸಾಸೇಜಿನ ಬಗ್ಗೆ ಎರಡು ಪುಟ ಬರೆದುಕೊಂಡಿದ್ದೆ, ನಾಚಿಕೆಯಾಗುತ್ತದೆ. ಈಗ ಅವನ ಮುಖ ಬಂದರೆ ಪೆನ್ನು ಕೆಳಗಿಡುತ್ತೇನೆ. ಹಾಡುವ ಹೀರೊ ಇಷ್ಟು ವರ್ಷ ಮರೆ ಮಾಡಿಕೊಂಡಿದ್ದದ್ದು ಇವನನ್ನೇ ಅಲ್ವಾ?

ಅಂದಹಾಗೆ, ಸಿನಿಮಾ ಕಾರ್ಮಿಕರ ಸಂಘ ನಡೆಸಿದ ಮೊದಲ ಪ್ರಯೋಗಾತ್ಮಕ ಚಿತ್ರ ಸ್ಪರ್ಧೆಯಲ್ಲಿ ಮೊದಲ ಬಹುಮಾನ ಇದಕ್ಕೇ ಬಂತು. ಆದರೂ ಗಾಮೆಸ್ ಅವರ ಮುಂದಿನ ದೊಡ್ಡ ಚಿತ್ರ 'ತೆಕೀಲಾ' ಬಂದಿದ್ದು 1992ರಲ್ಲಿ.

ಪ್ರಶ್ನೆ: ಇಂಥ ಮೆಕ್ಸಿಕೊ ಸಿನಿಮಾ ನೋಡೋಕೆ ನಿರ್ದೇಶಕ ಜೊಡೊರೊವ್ಸ್ಕಿಯಿಂದ ಶುರು ಮಾಡಬಹುದಾ?

ಅವರ 1973ರ 'ದಿ ಹೋಲಿ ಮೌಂಟನ್' ಚಿತ್ರದಲ್ಲಿ ಕಪ್ಪೆ, ಓತಿಕ್ಯಾತಗಳಿಗೆ ವೇಷ ಹಾಕಿ ಸ್ಪೇನಿನವರು ಮೆಕ್ಸಿಕೊ ಗೆದ್ದ ಕಥೆ ಆಡಿಸುವ ದೃಶ್ಯ ಇದೆ. ಅದನ್ನು ನೋಡಿ. ಉಳಿದಿದ್ದರಲ್ಲಿ ಮೆಕ್ಸಿಕೊಗಿಂತ ಜೊಡೊರೊವ್ಸ್ಕಿಯೇ ಜಾಸ್ತಿ.

ಪ್ರಶ್ನೆ: ಮೆಕ್ಸಿಕೊ ದೇಶವೇ ಸರ್ರಿಯಲ್, ಅಂದ್ರೆ ಕನಸಿನ ಹಾಗೆ ವಿಚಿತ್ರ, ಅಂತ ಫ್ರಾನ್ಸಿನ ಕವಿ ಆಂದ್ರೆ ಬ್ರೆತೋನ್ ಹೇಳಿದ್ದರಂತೆ?

1938ರಲ್ಲಿ ಬಂದು ನಾಲ್ಕು ತಿಂಗಳು ಇದ್ದು ಹೋದ ನೆಂಟರ ಮಾತು ಅದು.

ಪ್ರಶ್ನೆ: ಇಂಥ ಸಿನಿಮಾ ನೋಡೋಕೆ 'ಏನಾದರೂ' ತಗೋಬೇಕಾ?

ಕಾಫಿ ಸಾಕು. ಗಾಮೆಸ್ ಚಿತ್ರವನ್ನು ಮಾತ್ರ ಊಟವಾದ ತಕ್ಷಣ ಹಾಕಬೇಡಿ. ಅದರಲ್ಲಿ ಕಸಾಯಿಖಾನೆ ಇದೆ.