ಹಿರೇಬೆಣಕಲ್ ಮತ್ತು ವೈನರಿ: ಗುಡ್ಡ ಮೊದಲು
ಉಡುಪಿಯಿಂದ ರಾತ್ರಿ ಬಸ್ಸಲ್ಲಿ ಹೋಗಿ ಕೊಪ್ಪಳ ಜಿಲ್ಲೆಯ ಹಿರೇಬೆಣಕಲ್ ಗುಡ್ಡದ ಶಿಲಾಚಿತ್ರ, ಆ ಕಡೆಯ ವೈನರಿ ಎರಡನ್ನೂ ಒಂದೇ ದಿನ ನೋಡಬಹುದಾ ಅಂತ ಕೇಳಿದ್ದೀರಿ. ನೋಡಬಹುದು ಮಾರಾಯ್ರೆ, ಆದರೆ ಗುಡ್ಡ ಮೊದಲು, ವೈನ್ ಆಮೇಲೆ.

ಗಂಗಾವತಿಯಿಂದ ಆಟೋ ಮಾಡಿ, ಸುಮಾರು 10 ಕಿ.ಮೀ. ಊರಿನವರೊಬ್ಬರನ್ನು ಜೊತೆಗೆ ಕರ್ಕೊಳ್ಳಿ, ಬಂಡೆಗಳ ನಡುವೆ ದಾರಿ ತಪ್ಪುವುದು ಸುಲಭ. ಒಬ್ಬೊಬ್ಬರಿಗೆ ಎರಡು ಲೀಟರ್ ಕುಡಿಯುವ ನೀರು ಬೇಕೇ ಬೇಕು; ಹನ್ನೊಂದರ ಮೇಲೆ ಬಂಡೆ ಕಾದ ಕಾವಲಿ. ಚಿತ್ರಗಳು ಬಂಡೆ ಚಾಚಿನ ಅಡಿಯಲ್ಲಿ, ಕೆಂಪು ಕಾವಿಯಲ್ಲಿವೆ: ಕುಣಿಯುವವರು, ಬೇಟೆ, ಜಿಂಕೆ. ಫೋಟೋ ಚಂದ ಬರಲಿ ಅಂತ ನೀರು ಎರಚಬೇಡಿ. ಒಣಗುವಾಗ ಕಲ್ಲಿನ ಉಪ್ಪು ಮೇಲೆ ಬಂದು ಬಣ್ಣ ಮಸುಕಾಗ್ತದೆ. ಗುಡ್ಡದ ಮೇಲಿನ ಬೃಹತ್ ಶಿಲಾಯುಗದ ಕಲ್ಮನೆಗಳನ್ನು, ಅಂದರೆ ಚಪ್ಪಡಿ ಕಲ್ಲು ನಿಲ್ಲಿಸಿ ಕಟ್ಟಿದ ಹಳೆಯ ಸಮಾಧಿಗಳನ್ನು, ನೋಡದೆ ಇಳಿದರೆ ಹೋದದ್ದೇ ದಂಡ.

ವೈನರಿಗೆ ಮೊದಲೇ ಫೋನ್ ಮಾಡಿ, ಇಲ್ಲದಿದ್ದರೆ ಗೇಟಿನಿಂದಲೇ ವಾಪಸ್. ಗೊಂಚಲು ಕಾಣಬೇಕಾದರೆ ಫೆಬ್ರವರಿಯಲ್ಲಿ ಹೋಗಿ. ಅಕ್ಟೋಬರಲ್ಲಿ ಬಳ್ಳಿ ಕತ್ತರಿಸಿರ್ತಾರೆ.